ಹುಳುಮನೆಯ ಗೋಡೆಗೆ ಅಜ್ಜಿಯ ಹೆಸರು

"ಮೇಡಂ, ನಮ್ ಹುಡುಗಿ ಹುಳುಮನೆ ಗೋಡೆ ಮೇಲೆಲ್ಲ ಸೀಮೆಸುಣ್ಣದಲ್ಲಿ ನನ್ ಹೆಸರು ಬರ್ದವಳೆ. ನೀವೇ ಹೇಳ್ಕೊಟ್ರಂತೆ?"

ಬೈರಕೂರಿನ ನಮ್ಮ ಶಾಲೆಯ ಗೇಟಿನಲ್ಲಿ ಐದನೇ ತರಗತಿಯ ಪಲ್ಲವಿಯ ಅಜ್ಜಿ ಮುನಿಯಮ್ಮ ನಿಂತಿದ್ದರು.

ಹಿಂದಿನ ದಿನ ಮಕ್ಕಳಿಗೆ, ಕಟ್ಟಡಗಳ ನಕ್ಷೆ ಬರೆಯುವ ಕೆಲಸಕ್ಕೆ ಮೊದಮೊದಲು ಕಾಲಿಟ್ಟ ಹೆಣ್ಣುಮಕ್ಕಳ ಕಥೆ ಹೇಳಿದ್ದೆ. ನಕ್ಷೆ ಅವರದಾದರೂ ಎಷ್ಟೋ ಕಡೆ ಗಂಡಸರ ಹೆಸರೇ ಉಳಿಯಿತು ಎಂದಾಗ ಪಲ್ಲವಿ ಎದ್ದು ನಿಂತು ತಮ್ಮ ಮನೆಯ ಕಥೆ ಹೇಳಿದಳು. ರೇಷ್ಮೆಹುಳು ಸಾಕಲು ಮನೆಯವರು ಕಟ್ಟಿಸಿದ ಹುಳುಮನೆಗೆ ಗಾಳಿ ಯಾವ ಕಡೆಯಿಂದ ಬರಬೇಕು, ಕಿಟಕಿ ಎಲ್ಲಿಡಬೇಕು ಎಂದು ನೆಲದ ಮೇಲೆ ಗೆರೆ ಎಳೆದು ಮೇಸ್ತ್ರಿಗೆ ತೋರಿಸಿದ್ದು ಅಜ್ಜಿಯಂತೆ. ಬಾಗಿಲ ಮೇಲಿರುವುದು ಮಾತ್ರ ತಾತನ ಹೆಸರು.

ತಪ್ಪಾಯಿತು ಎನ್ನಲು ಬಾಯಿ ತೆರೆದೆ. ಅಷ್ಟರಲ್ಲಿ ಅಜ್ಜಿ ಸೆರಗಿನ ಮರೆಯಿಂದ ಖಾಲಿ ಡಬ್ಬಿಯೊಂದನ್ನು ಮುಂದೆ ಹಿಡಿದರು.

"ಪ್ರತಿ ರೇಷ್ಮೆ ಬೆಳೆ ಆದ್ಮೇಲೂ ಹುಳುಮನೆ ತೊಳೀತೀವಲ್ಲ, ಸೀಮೆಸುಣ್ಣ ನಿಲ್ಲಲ್ಲ ಕಣಮ್ಮ. ಸ್ಕೂಲಲ್ಲಿ ಪೇಂಟ್ ಇದ್ರೆ ಒಂಚೂರು ಹಾಕಿ."

ಕಾಂಪೌಂಡಿಗೆ ಬಳಿದು ಉಳಿದಿದ್ದ ನೀಲಿ ಬಣ್ಣವನ್ನು ಡಬ್ಬಿಯ ತುಂಬ ಸುರಿದುಕೊಟ್ಟೆ. ನನ್ನ ಪಾಠವನ್ನು ಮಕ್ಕಳು ನೋಟ್‌ಬುಕ್ಕಿನಲ್ಲಿ ಬರೆದುಕೊಳ್ಳುತ್ತಾರೆ. ಗೋಡೆಯ ಮೇಲೆ ಬರೆದವಳು ಪಲ್ಲವಿ ಒಬ್ಬಳೇ. ಅವರ ಹುಳುಮನೆಯ ದಾರಿಯಲ್ಲಿ ಹೋಗುವಾಗಲೆಲ್ಲ ಗೋಡೆಯ ಮೇಲಿನ ಆ ನೀಲಿ ಅಕ್ಷರಗಳಿಗೆ ಮನಸ್ಸಿನಲ್ಲೇ ಕೈ ಮುಗಿಯುತ್ತೇನೆ.