ಕಣಕ ಅವರದು, ಹೂರಣ ನಮ್ಮದು

ನಮ್ಮೂರ ಬಸವಣ್ಣನ ಉತ್ಸವವನ್ನು ಕೋರ್ಟು ಕೆಡಿಸಿತು ಎಂದು ಜನ ಹೇಳುತ್ತಾರೆ. ಸುಳ್ಳು. ಕೆಡಿಸಿದವರು ನಮ್ಮ ಗಂಡುಮಕ್ಕಳು. ಅವರು ಕೇಳಿದ್ದನ್ನು ಕೋರ್ಟು ಕೊಟ್ಟಿತು, ಅಷ್ಟೇ.

ಜಗಳ ಮೊದಲ ಕಾಯಿಯದು. ಪಲ್ಲಕ್ಕಿ ಎದ್ದಾಗ ಅದನ್ನು ಒಡೆಯುವವರು ಅಣ್ಣನ ಮನೆಯವರೋ ತಮ್ಮನ ಮನೆಯವರೋ ಎಂದು. ಅಣ್ಣನ ಮನೆ ನಮ್ಮದು. ತಮ್ಮನ ಮನೆ ನನ್ನ ನೆಗೆಣ್ಣಿಯದು, ಅಂದರೆ ನನ್ನ ಮೈದುನನ ಹೆಂಡತಿಯದು. ನಮ್ಮ ಗಂಡಂದಿರು ಇದ್ದಾಗ ಬೈದಾಡುತ್ತಲೇ ಕಾಯಿ ಒಡೆದು, ಆಮೇಲೆ ಒಂದೇ ಕಟ್ಟೆಯ ಮೇಲೆ ಕೂತು ಬೀಡಿ ಸೇದುತ್ತಿದ್ದರು. ಅವರು ಹೋದ ಮೇಲೆ ಮಕ್ಕಳು ಬಡಿಗೆ ಎತ್ತಿದರು. ಪೊಲೀಸರು ಬಂದರು. ಆಮೇಲೆ ಆದೋನಿಯ ಕೋರ್ಟು, ವಕೀಲರು, ವಾಯಿದೆ. ಹಿತ್ತಲ ಗೋಡೆಯ ಮೇಲಿಂದ ನಾವಿಬ್ಬರು ಮಾತಾಡುವುದನ್ನೂ ಮಕ್ಕಳು ಬಿಡಿಸಿದರು.

ಉಳಿದದ್ದು ಗುಡಿಯ ಒಲೆಯೊಂದೇ. ಬಸವಣ್ಣನಿಗೆ ಹೋಳಿಗೆಯ ಎಡೆ. ಕಣಕ ಅವರ ಮನೆಯಿಂದ, ಹೂರಣ ನಮ್ಮ ಮನೆಯಿಂದ. ಆಕೆ ಲಟ್ಟಿಸಬೇಕು, ನಾನು ಬೇಯಿಸಬೇಕು. ಒಂದೇ ಮನೆಯ ಹೋಳಿಗೆ ದೇವರಿಗೆ ನಡೆಯುತ್ತಿರಲಿಲ್ಲ. ಹೀಗೆ ಯಾರು ಕಟ್ಟು ಮಾಡಿದರೋ ಗೊತ್ತಿಲ್ಲ, ನಾವು ಸೊಸೆಯರಾಗಿ ಬಂದಾಗಿನಿಂದ ಹಾಗೇ ನಡೆದಿತ್ತು. ಕೇಸು ನಡೆಯುವಾಗಲೂ ಆ ಒಂದು ದಿನ ನಾವು ಕೂಡಿ ಕೂರುತ್ತಿದ್ದೆವು.

"ಅಕ್ಕಾ, ನಿನ್ನ ಹೂರಣ ನಿನ್ನ ಮಾರಿ ಹಂಗ ಬಿಗದೈತಿ ನೋಡಬೇ" ಎನ್ನುತ್ತಿದ್ದಳು.

"ನಿನ್ನ ಕಣಕ ನಿನ್ನ ಬಾಯಿ ಇದ್ದಂಗ. ಎಳದಷ್ಟೂ ಉದ್ದ" ಎನ್ನುತ್ತಿದ್ದೆ.

ತೀರ್ಪು ಬಂದ ದಿನ ಮಗ ಗೆದ್ದವನಂತೆ ಮನೆಗೆ ಬಂದ. ಒಂದು ವರ್ಷ ಅವರ ಪಾಳಿ, ಒಂದು ವರ್ಷ ನಮ್ಮದು. ಒಬ್ಬರ ಪಾಳಿಯಲ್ಲಿ ಇನ್ನೊಬ್ಬರು ಯಾವ ಸೇವೆಗೂ ಕೈ ಹಾಕುವಂತಿಲ್ಲ. ದೇವಾದಾಯ ಇಲಾಖೆಯ ಅಧಿಕಾರಿ ನಿಂತು ನಡೆಸಬೇಕು. ಎರಡೂ ಕಡೆಯವರು ಒಪ್ಪಿದ್ದರಂತೆ.

"ಮತ್ತ ಎಡಿ ಯಾರು ಮಾಡಬೇಕು? ಜಡ್ಜ್‌ಗೆ ಹೇಳಿದ್ರೇನು?" ಎಂದೆ.

"ಅವ್ವಾ, ಕೋರ್ಟ್‌ನಾಗ ಹೋಳಿಗಿ ಮಾತಾಡ್ತಾರೇನಬೇ? ನಗ್ತಾರ."

"ಕಾಯಿ ಮಾತಾಡಿದ್ರಿ. ಅದಕ್ಕ ನಗಲಿಲ್ಲೇನು?"

ಅವನು ಊಟಕ್ಕೆ ಬಡಿಸು ಎಂದ.

ಮೊದಲ ಪಾಳಿ ಅವರದು. ಆದರೂ ನಾನು ಹೂರಣದ ಬೋಗುಣಿ ಹೊತ್ತು ಗುಡಿಗೆ ಹೋದೆ. ಅಡುಗೆಮನೆಯ ಬಾಗಿಲಲ್ಲಿ ಅಧಿಕಾರಿ ಎದ್ದು ನಿಂತ. ತೆಲುಗಿನವನು, ಮರ್ಯಾದೆಯವನು. "ಅಮ್ಮಾ, ಈ ಏಡಾದಿ ಮೀ ವಂತು ಕಾದು" ಎಂದ, ಈ ವರ್ಷ ನಿಮ್ಮ ಪಾಳಿಯಲ್ಲ ಎಂದು. ಅವನ ಹೆಗಲ ಆಚೆ ಕಂಡಳು ನೆಗೆಣ್ಣಿ. ಒಬ್ಬಳೇ ಲಟ್ಟಿಸುತ್ತಿದ್ದಳು, ಎದ್ದು ಹೋಗಿ ಬೇಯಿಸುತ್ತಿದ್ದಳು, ಮತ್ತೆ ಕೂರುತ್ತಿದ್ದಳು. ನನ್ನನ್ನು ನೋಡಿದಳು. ಹಿಂದೆ ಅವಳ ಮಗ ನಿಂತಿದ್ದ. ತಲೆ ತಗ್ಗಿಸಿ ಲಟ್ಟಣಿಗೆ ಹಿಡಿದಳು. ನಾನು ಬೋಗುಣಿ ಹೊತ್ತು ಹಿಂದಕ್ಕೆ ಬಂದೆ.

ಉತ್ಸವ ಒಂದು ಕೂಗೂ ಇಲ್ಲದೆ ಮುಗಿಯಿತು. ಬಹಳ ಶಾಂತವಾಗಿ ಆಯಿತು ಎಂದು ಎಲ್ಲರೂ ಹೊಗಳಿದರು. ನಾನು ಮನೆಯ ಮೂಲೆಯಲ್ಲಿ ಕೂತು ಡೊಳ್ಳು ಕೇಳಿದೆ. ಸಂಜೆ ಪೂಜಾರಿಯ ಹೆಂಡತಿ ಪ್ರಸಾದ ಕೊಟ್ಟು ಹೋದಳು. ಹೋಳಿಗೆಯ ಅಂಚು ಸೀದಿತ್ತು, ನಡುವೆ ಹಸಿ. ನೆಗೆಣ್ಣಿಗೆ ಹಂಚಿನ ಕಾವು ಎಂದೂ ತಿಳಿದಿಲ್ಲ. ಬರುವ ವರ್ಷ ನಾನು ಲಟ್ಟಿಸಬೇಕು. ನನ್ನವು ಯಾವಾಗಲೂ ಹರಿಯುತ್ತವೆ. ಸೀದ ಅಂಚನ್ನೂ ಬಿಡದೆ ತಿಂದೆ.

ಮರುದಿನ ನಸುಕಿನಲ್ಲಿ ಎದ್ದು ಬೋಗುಣಿಯ ಮುಚ್ಚಳ ತೆಗೆದು ಮೂಸಿದೆ. ಹೂರಣ ಕೆಟ್ಟಿರಲಿಲ್ಲ. ಒಲೆಯ ಮೇಲಿಟ್ಟು ಕೈಯಾಡಿಸಿ, ಬಿಸಿ ಮಾಡಿ, ಹಿತ್ತಲ ಗೋಡೆಯ ಮೇಲಿಟ್ಟೆ. ಆಚೆ ನೆಗೆಣ್ಣಿಯ ಕಸಬರಿಗೆಯ ಸಪ್ಪಳ ನಿಂತಿತು. ಒಮ್ಮೆ ಕೆಮ್ಮಿ, ಎಮ್ಮೆ ಹಿಂಡಲು ಹೋದೆ.