ಪಾಲು ಹಂಚುವವನು
ಇವನ ತಾತ ಕೆರೆಯ ನೀರನ್ನು ಜಗಳವಿಲ್ಲದೆ ಗದ್ದೆಗದ್ದೆಗೆ ಹಂಚಿದವರು. ಅಪ್ಪ ನಾಲ್ಕು ರಸ್ತೆ ಕೂಡುವಲ್ಲಿ ನಿಂತು ಬರಿಗೈಯಲ್ಲೇ ವಾಹನಗಳನ್ನು ದಾರಿಗೆ ಹಚ್ಚಿದವರು. ನಮ್ಮ ಆಫೀಸಿನ ಈ ಮಹಾಶಯ ಕೋಡು ಬರೆದು, ಆಸ್ಪತ್ರೆಯ ವೆಬ್‌ಸೈಟಿಗೆ ನುಗ್ಗುವ ಜನರನ್ನು ಕ್ಲೌಡಿನ ಸರ್ವರ್‌ಗಳಿಗೆ ಹಂಚುತ್ತಾನೆ. ಹಂಚಿ ಸುಮ್ಮನಿರುವ ಜಾಯಮಾನವಲ್ಲ. ಒಂದು ಸರ್ವರ್ ಏದುಸಿರು ಬಿಟ್ಟರೆ ಸಾಕು, "ಪಾಪ ಅಣ್ಣ, ಅದಕ್ಕೆ ಸುಸ್ತಾಗಿದೆ" ಎಂದು ಪರದೆಯ ಮೇಲೆ ಕೈಯಾರೆ ಪಾಲು ಬದಲಿಸುತ್ತಾನೆ. ಕೋಡಿನಲ್ಲೇ ತಿದ್ದೋ ಎಂದು ಬಡಕೊಂಡರೂ ಕೇಳುವುದಿಲ್ಲ. ಮುಂದಿನ ಸಲ ಕೋಡು ಓಡಿಸಿದಾಗ ಆ ತಿದ್ದುಪಡಿಯೆಲ್ಲ ಅಳಿಸಿಹೋಗಿ, ಕೋಡಿನಲ್ಲಿರುವ ಹಳೆಯ ಪಾಲೇ ಮರಳಿ ಬಂದು, ಸೈಟು ಮಕಾಡೆ ಮಲಗುತ್ತದೆ. ರೋಗಿಗಳ ಬೈಗುಳ ನಮ್ಮೆಲ್ಲರಿಗೂ. ನಿನ್ನೆಯೂ ಮಲಗಿತು. ಇವನೋ ಜ್ವರದಲ್ಲಿ ಗಡಗಡ ನಡುಗುತ್ತ ಕೀಲಿಮಣೆ ಕುಟ್ಟುತ್ತಿದ್ದ; ಡಾಕ್ಟರ ಬಳಿ ಕರೆದೊಯ್ಯಲು ಬಂದ ಹೆಂಡತಿ ಬಾಗಿಲಲ್ಲೇ ಕಾಯುತ್ತಿದ್ದಳು. "ಏಳೋ, ನಾನು ನೋಡ್ಕೋತೀನಿ" ಎಂದೆ. "ಬೇಡಣ್ಣ, ನಿಮಗೆ ಸುಸ್ತಾಗುತ್ತೆ. ಇಷ್ಟನ್ನ ನಾನೊಬ್ನೇ ಎಳೀತೀನಿ."