ಲೀಗಲ್ ನೋಟಿಸಿಗೂ ಪ್ರಾಪರ್ ಚಾನೆಲ್ ಬೇಕಂತೆ!

ತಾನು ದುಡಿದ ವಿಶ್ವವಿದ್ಯಾಲಯಕ್ಕೇ ಲೀಗಲ್ ನೋಟಿಸ್ ಕಳಿಸಲು ಹೊರಟ ಮನುಷ್ಯ ವಕೀಲರಿಗೆ ಏನು ಹೇಳಬಹುದು? ‘ಅವರನ್ನ ಸುಮ್ನೆ ಬಿಡಬೇಡಿ’ ಅಂತಲೇ? ಅಲ್ಲ. ‘ಇದನ್ನ ಥ್ರೂ ಪ್ರಾಪರ್ ಚಾನೆಲ್ ಕಳಿಸೋಣ ಕಣಮ್ಮ’ ಅಂತ!

ಹಾಗಂದವರು ಶೆಟ್ಟಿಹಳ್ಳಿಯ ನಮ್ಮ ಪಕ್ಕದ ಮನೆಯ ರುದ್ರಪ್ಪ. ಸರ್ಕಾರಿ ವಿಶ್ವವಿದ್ಯಾಲಯವೊಂದರಲ್ಲಿ (ಹೆಸರು ಬೇಡ, ಬೇರೆ ಜಿಲ್ಲೆಯದು) ಸೂಪರಿಂಟೆಂಡೆಂಟ್ ಆಗಿ ನಿವೃತ್ತರಾಗಿ ಎರಡು ವರ್ಷವಾಯಿತು. ಬೀಳ್ಕೊಡುಗೆಯ ದಿನ ಪೇಟ ಬಂತು, ಶಾಲು ಬಂತು, ಹಣ್ಣಿನ ಬುಟ್ಟಿ ಬಂತು. ಗ್ರಾಚ್ಯುಟಿ ಬರಲಿಲ್ಲ. ಗಳಿಕೆ ರಜೆಯ ಹಣವೂ ಬರಲಿಲ್ಲ. ಅವರ ಹೆಂಡತಿ ಪಾರ್ವತಮ್ಮನವರ ಎರಡೂ ಮಂಡಿ ಸವೆದಿವೆ. ಆಪರೇಷನ್ ಆಗಲೇಬೇಕು ಅಂದಿದ್ದಾರೆ ಡಾಕ್ಟರು. ಬಸ್ಸಿನ ಮೆಟ್ಟಿಲು ಹತ್ತಲಾಗದೆ ಆಕೆ ಗುಬ್ಬಿಯ ತವರಿಗೆ ಹೋಗುವುದನ್ನೇ ಬಿಟ್ಟಿದ್ದಾರೆ.

ಕಳೆದ ಭಾನುವಾರ ಇಬ್ಬರನ್ನೂ ಕಾರಿನಲ್ಲಿ ಕುಣಿಗಲ್‌ಗೆ ಕರೆದೊಯ್ದೆ. ನನ್ನ ಗೆಳೆಯನ ಮಗಳು ಶೋಭಾ ಹೈಕೋರ್ಟಿನಲ್ಲಿ ವಕೀಲೆ. ರಜೆಯ ದಿನ ಕುಣಿಗಲ್‌ನ ಮನೆಯಲ್ಲಿರುತ್ತಾಳೆ.

‘ಇಲ್ಲೀವರ್ಗೂ ಏನ್ ಮಾಡಿದೀರ ಅಂಕಲ್?’ ಅಂದಳು.

ರುದ್ರಪ್ಪ ಶಿಸ್ತಾಗಿ ವರದಿ ಒಪ್ಪಿಸಿದರು. ಮೊದಲ ಮನವಿಯನ್ನು ನೇರ ಕುಲಸಚಿವರಿಗೇ ಕೊಟ್ಟರಂತೆ. ಮೇಲಧಿಕಾರಿಯ ಮೂಲಕ ಬಂದಿಲ್ಲ ಎಂದು ವಾಪಸ್ ಬಂತು. ತಪ್ಪು ತಮ್ಮದೇ ಅಂದುಕೊಂಡು ಎರಡನೆಯದನ್ನು ಹಳೆಯ ಶಾಖೆಯ ಮುಖ್ಯಸ್ಥರ ಮೂಲಕ ಕೊಟ್ಟರು. ನೀವು ನಿವೃತ್ತರು, ನಿಮಗೀಗ ಮೇಲಧಿಕಾರಿಯೇ ಇಲ್ಲ ಎಂದು ಅದೂ ವಾಪಸ್! (ಇಂಥ ಉತ್ತರ ಕಂಡುಹಿಡಿದವರಿಗೆ ಒಂದು ಗೌರವ ಡಾಕ್ಟರೇಟ್ ಕೊಡಬಾರದೇ? ಕೊಡುವ ಅಧಿಕಾರವಂತೂ ಅವರ ಕೈಯಲ್ಲೇ ಇದೆ.)

ಇದನ್ನು ಹೇಳುತ್ತಾ ರುದ್ರಪ್ಪ ನಕ್ಕರು ಎಂದು ನನ್ನ ನೆನಪು. ನನ್ನ ನೆನಪನ್ನು ನಾನು ಪೂರ್ತಿ ನಂಬುವುದಿಲ್ಲ. ಬರೆಯುವ ಮುಂಚೆ ಪಾರ್ವತಮ್ಮನವರನ್ನು ಕೇಳಿದೆ. ‘ಅವ್ರೆಲ್ಲಿ ನಕ್ರು? ನಕ್ಕಿದ್ದು ನೀವು’ ಅಂದರು.

ಶೋಭಾ ಅಂತೂ ನಗಲಿಲ್ಲ. ‘ಚಾನೆಲ್ಲೂ ಬೇಡ, ಏನೂ ಬೇಡ ಅಂಕಲ್. ನೇರ ನೋಟಿಸ್ ಕೊಡೋಣ. ಬಗ್ಗಲಿಲ್ಲ ಅಂದ್ರೆ ರಿಟ್ ಹಾಕೋಣ. ಇಷ್ಟು ದಿನದೊಳಗೆ ಕೊಡಿ ಅಂತ ಕೋರ್ಟ್ ಆರ್ಡರ್ ಮಾಡ್ಲಿ. ತಡ ಮಾಡಿದ್ದಕ್ಕೆ ಬಡ್ಡೀನೂ ಕೇಳೋಣ. ಆಮೇಲೂ ಕೊಡ್ದಿದ್ರೆ ಕಂಟೆಂಪ್ಟ್, ಅಂದ್ರೆ ನ್ಯಾಯಾಂಗ ನಿಂದನೆ ಕೇಸು. ಆ ಪದ ಕಿವಿಗೆ ಬಿದ್ ತಕ್ಷಣ ಎಲ್ಲಿಂದ್ಲೋ ದುಡ್ಡು ಹುಟ್ಕೊಳತ್ತೆ ನೋಡಿ.’

‘ಬಡ್ಡಿ ಬೇಡಮ್ಮ. ಬೇಜಾರ್ ಮಾಡ್ಕೋತಾರೆ.’

‘ಯಾರ್ರೀ ಬೇಜಾರ್ ಮಾಡ್ಕೊಳ್ಳೋರು?’ ಪಾರ್ವತಮ್ಮ ಕುಳಿತಲ್ಲಿಂದಲೇ ಗದರಿದರು. ‘ನೋಡಮ್ಮ ಶೋಭಾ, ನನ್ನ ನೋಡಕ್ಕೆ ಗುಬ್ಬಿಗ್ ಬಂದಾಗ್ಲೂ ಇವ್ರು ನಮ್ಮಪ್ಪಂಗೆ ಥ್ರೂ ಪ್ರಾಪರ್ ಚಾನೆಲ್ಲೇ ಅರ್ಜಿ ಹಾಕಿರ್ಬೇಕು!’

‘ಅನ್ನ ಹಾಕಿದ ಸಂಸ್ಥೆ ಕಣೇ...’

ಅನ್ನ ಹಾಕಿದ್ದಂತೆ! ಇವರು ದುಡಿಯದಿದ್ದರೂ ಅವರು ಪುಕ್ಕಟೆ ಬಡಿಸಿದರೇ? ನಿವೃತ್ತಿಯ ಹಣ ಭಿಕ್ಷೆಯಲ್ಲ, ಹಕ್ಕು ಎಂದು ಹೇಳಿ ಹೇಳಿ ಕೋರ್ಟುಗಳಿಗೇ ಸುಸ್ತಾಗಿದೆ. ಆದರೂ ಕೇಳುವವರಿಗೆ ಸಂಕೋಚ, ಕೊಡಬೇಕಾದವರಿಗೆ ಅದರ ವಾಸನೆಯೂ ಇಲ್ಲ. ಈ ಸಂಕೋಚವನ್ನೇ ನಂಬಿ ದೊಡ್ಡ ದೊಡ್ಡ ಆಡಳಿತ ಭವನಗಳು ಹಾಯಾಗಿ ನಿದ್ದೆ ಮಾಡುತ್ತಿವೆ.

ವಕಾಲತ್ತಿನ ಹಾಳೆ ಮುಂದಿಟ್ಟರೂ ರುದ್ರಪ್ಪ ಪೆನ್ನು ಮುಟ್ಟಲಿಲ್ಲ. ‘ಅನುದಾನವೇ ಬಂದಿಲ್ಲವಂತೆ, ಅವರಾದ್ರೂ ಏನ್ ಮಾಡ್ತಾರೆ ಪಾಪ’ ಅಂದರು. ಹಾಳೆಯನ್ನು ತಿರುವಿ ನೋಡಿ, ‘ಅಲ್ಲಮ್ಮ, ಕೋರ್ಟಲ್ಲಿ ಅವರ ಕಡೆ ವಕೀಲ್ರಿಗೆ ಫೀಸ್ ಯಾರ್ ಕೊಡ್ತಾರೆ?’

‘ಇನ್ಯಾರು ಅಂಕಲ್, ಯೂನಿವರ್ಸಿಟೀನೇ.’

‘ಅದಕ್ಕೂ ಅನುದಾನ ಬರೋವರ್ಗೂ ಕಾಯ್ತಾರಾ?’

‘ಕಾಯ್ಸಿದ್ರೆ ಯಾವ್ ವಕೀಲ್ರು ನಿಂತ್ಕೋತಾರೆ?’

ರುದ್ರಪ್ಪ ಕನ್ನಡಕ ತೆಗೆದರು, ಒರೆಸಿದರು, ಮತ್ತೆ ಹಾಕಿಕೊಂಡರು. ‘ಎಲ್ಲಿ ಸೈನ್ ಮಾಡ್ಬೇಕು, ತೋರ್ಸಮ್ಮ. ಬಡ್ಡೀನೂ ಸೇರ್ಸಿ ಬರಿ’ ಅಂದರು.

ಪಾರ್ವತಮ್ಮನವರ ಮಂಡಿಯವರೆಗೆ ಬಾರದ ಹಣ, ಅವರ ಗಂಡನನ್ನು ಕೋರ್ಟಿನಲ್ಲಿ ಎದುರಿಸಲು ಮಾತ್ರ ಯಾವ ಚಾನೆಲ್‌ನಿಂದ ಬರುತ್ತದೆ, ಕುಲಪತಿಗಳೇ?